ಡಿಎಲ್‌ಎಲ್ ಎಂಬ ಗುಮ್ಮ ಮತ್ತು ನನ್ನ ಹನ್ನೊಂದು ದಿನದ ಕೆಲಸ

ನನ್ನ ಮೊದಲ ಕೆಲಸ ಹನ್ನೊಂದು ದಿನದ್ದು. ರೆಸ್ಯೂಮೆಯಲ್ಲಿ ಅದನ್ನು ಬರೆದಿಲ್ಲ. ‘ಡಿಗ್ರಿ ಮುಗಿದ ಮೇಲೆ ಆರು ತಿಂಗಳು ಏನು ಮಾಡ್ತಿದ್ರಿ?’ ಎಂದು ಸಂದರ್ಶನದಲ್ಲಿ ಯಾರಾದರೂ ಕೇಳಿದರೆ ‘ಕೋರ್ಸ್ ಮಾಡ್ತಿದ್ದೆ ಸರ್’ ಅನ್ನುತ್ತೇನೆ. ಮನೆಯಲ್ಲೂ ಪೂರ್ತಿ ಹೇಳಿಲ್ಲ. ಈ ಪುಟ ಓದುವವರಲ್ಲಿ ಕೆಲವರಾದರೂ ಅವತ್ತು ನಾನು ನಿಂತಿದ್ದ ಜಾಗದಲ್ಲೇ ಈಗ ನಿಂತಿರಬಹುದು ಅನ್ನಿಸಿದ್ದರಿಂದ ಬರೆಯುತ್ತಿದ್ದೇನೆ.

ನಾನು ತಿಪಟೂರಿನ ಕಡೆಯವನು. ಬಿಸಿಎ. ಫಲಿತಾಂಶ ಬಂದು ನಾಲ್ಕು ತಿಂಗಳಾಗಿತ್ತು. ಬೆಂಗಳೂರಿನ ಒಂದು ಪಿಜಿಯಲ್ಲಿ ಮೂವರು ಗೆಳೆಯರು ಒಂದೇ ಕೋಣೆಯಲ್ಲಿದ್ದೆವು. ಬಾಡಿಗೆಗೆ ಊರಿನಿಂದ ದುಡ್ಡು ತರಿಸಿಕೊಳ್ಳಲು ನಾಚಿಕೆಯಾಗುವ ಹಂತಕ್ಕೆ ಬಂದಿದ್ದೆ. ಆಗ ವಾಟ್ಸ್‌ಆ್ಯಪ್ ಗುಂಪೊಂದರಲ್ಲಿ ‘ಟೆಕ್ನಿಕಲ್ ಸಪೋರ್ಟ್ ಎಕ್ಸಿಕ್ಯೂಟಿವ್ ಬೇಕಾಗಿದ್ದಾರೆ, ಫ್ರೆಷರ್ಸ್ ಆಗಬಹುದು, ನೈಟ್ ಶಿಫ್ಟ್, ಕ್ಯಾಬ್ ಇದೆ’ ಎಂಬ ಸಂದೇಶ ಬಂತು. ಸಂದರ್ಶನ ಇಪ್ಪತ್ತು ನಿಮಿಷ. ಕಂಪ್ಯೂಟರ್ ಬಗ್ಗೆ ಒಂದೇ ಒಂದು ಪ್ರಶ್ನೆಯಿಲ್ಲ. ತಡವರಿಸದೆ ಇಂಗ್ಲಿಷ್ ಮಾತಾಡಿದರೆ ಸಾಕಿತ್ತು. ವೆರಿಫಿಕೇಷನ್‌ಗೆ ಅಂತ ಒರಿಜಿನಲ್ ಮಾರ್ಕ್ಸ್ ಕಾರ್ಡ್ ತೆಗೆದಿಟ್ಟುಕೊಂಡರು. ಅಮ್ಮನಿಗೆ ಫೋನ್ ಮಾಡಿದೆ. ‘ಅಂದ್ರೆ ಕಂಪ್ಯೂಟ್ರು ಕೆಟ್ಟೋದೋರ್ಗೆ ರಿಪೇರಿ ಮಾಡ್ಕೊಡೋದೇನೋ ಮಗಾ? ಒಳ್ಳೇ ಕೆಲ್ಸ ಬಿಡು’ ಅಂದರು.

ಮೂರನೇ ದಿನ ತರಬೇತಿ ಕೋಣೆಯಲ್ಲಿ ಟ್ರೈನರ್ ದೊಡ್ಡ ಪರದೆಯ ಮೇಲೆ ಕಮಾಂಡ್ ಪ್ರಾಂಪ್ಟ್‌ನ ಕಪ್ಪು ಕಿಟಕಿ ತೆರೆದ. ಸಿಸ್ಟಮ್32 ಫೋಲ್ಡರಿಗೆ ಹೋಗಿ, ಅಲ್ಲಿರುವ ಫೈಲುಗಳನ್ನೆಲ್ಲ ಪಟ್ಟಿ ಮಾಡುವ ಒಂದು ಕಮಾಂಡ್ ಕೊಟ್ಟ. ಅಷ್ಟೇ. ಬಿಳಿ ಅಕ್ಷರದ ಸಾಲುಗಳು ಮೇಲಕ್ಕೆ ಓಡತೊಡಗಿದವು. ಬಹುತೇಕ ಎಲ್ಲದರ ತುದಿಯಲ್ಲೂ ‘ಡಿಎಲ್‌ಎಲ್’. ಪಟ್ಟಿ ಓಡುತ್ತಿರುವಾಗಲೇ ಅವನು ಕೀಬೋರ್ಡಿನಲ್ಲಿ ಏನನ್ನೋ ಬಡಿದ. ಓಟ ನಿಂತ ಕೂಡಲೇ ಕೊನೆಯ ಸಾಲಿನಲ್ಲಿ ‘ವೈರಸ್ ಪತ್ತೆಯಾಗಿದೆ’ ಎಂಬರ್ಥದ ಇಂಗ್ಲಿಷ್ ವಾಕ್ಯ ಕಾಣಿಸಿತು. ಕಂಪ್ಯೂಟರ್ ಹೇಳಿದಂತೆಯೇ ಇತ್ತು. ಹೇಳಿದ್ದು ಮಾತ್ರ ಅವನ ಬೆರಳು.

‘ಈ ಫೈಲುಗಳೆಲ್ಲ ಏನು, ಯಾರಿಗಾದರೂ ಗೊತ್ತಾ?’ ಎಂದು ಕೇಳಿದ. ಹದಿನಾಲ್ಕು ಜನರಿದ್ದೆವು. ಬಿಸಿಎ, ಬಿಇ, ಡಿಪ್ಲೊಮಾ, ಒಬ್ಬಳು ಎಂಸಿಎ. ಯಾರೂ ಬಾಯಿ ಬಿಡಲಿಲ್ಲ. ‘ಕಸ್ಟಮರ್‌ಗೂ ಗೊತ್ತಿರೋದಿಲ್ಲ’ ಎಂದು ನಕ್ಕ.

ನನ್ನನ್ನು ಇವತ್ತಿಗೂ ಕಾಡುವುದು ಅವನ ನಗುವಲ್ಲ, ನಮ್ಮ ಮೌನ. ನಾಲ್ಕನೇ ಸೆಮಿಸ್ಟರಿನ ಆಪರೇಟಿಂಗ್ ಸಿಸ್ಟಮ್ ಪರೀಕ್ಷೆಯಲ್ಲಿ ‘ಡೈನಮಿಕ್ ಲಿಂಕಿಂಗ್ ಎಂದರೇನು?’ ಎಂಬ ಐದು ಅಂಕದ ಪ್ರಶ್ನೆಗೆ ನಾನು ಪುಟ ತುಂಬ ಬರೆದಿದ್ದೆ. ಡಿಎಲ್‌ಎಲ್ ಎಂದರೆ ‘ಡೈನಮಿಕ್ ಲಿಂಕ್ ಲೈಬ್ರರಿ’. ಅದೇ ವಸ್ತು ಪರದೆಯ ಮೇಲೆ ಸಾವಿರಗಟ್ಟಲೆ ಓಡಿಹೋದಾಗ ನನಗೆ ಗುರುತು ಸಿಗಲಿಲ್ಲ.

ಈಗ ಗೊತ್ತಿರುವುದನ್ನು ನನಗೆ ಅರ್ಥವಾದ ರೀತಿಯಲ್ಲೇ ಹೇಳುತ್ತೇನೆ. ನಮ್ಮೂರಿನಲ್ಲಿ ಮದುವೆ ಬಂದರೆ ಹಂಡೆ, ಕೊಪ್ಪರಿಗೆ, ಆಳೆತ್ತರದ ಸೌಟು ಇವೆಲ್ಲ ಯಾರ ಮನೆಯಲ್ಲೂ ಇರುವುದಿಲ್ಲ. ದೇವಸ್ಥಾನದ ಉಗ್ರಾಣದಲ್ಲಿರುತ್ತವೆ. ಯಾರ ಮನೆ ಮದುವೆಯಾದರೂ ಅಲ್ಲಿಂದ ತಂದು ಅಡುಗೆ ಮಾಡುತ್ತಾರೆ. ಪ್ರತಿ ಮನೆಯವರೂ ಸ್ವಂತಕ್ಕೆ ಕೊಪ್ಪರಿಗೆ ಮಾಡಿಸಿಕೊಂಡರೆ ಇಡಲು ಜಾಗ ಎಲ್ಲಿದೆ? ವಿಂಡೋಸ್‌ನ ಸಿಸ್ಟಮ್32 ಅಂಥದೊಂದು ಉಗ್ರಾಣ. ಪರದೆಯ ಮೇಲೆ ಕಿಟಕಿ ತೆರೆಯುವುದು, ಫೈಲ್ ಓದುವುದು, ಇಂಟರ್ನೆಟ್ಟಿಗೆ ಸಂಪರ್ಕ ಕೊಡುವುದು ಮುಂತಾದ, ಎಲ್ಲ ಪ್ರೋಗ್ರಾಮುಗಳಿಗೂ ಬೇಕಾಗುವ ಕೆಲಸಗಳ ಕೋಡನ್ನು ಮೈಕ್ರೋಸಾಫ್ಟ್ ಡಿಎಲ್‌ಎಲ್ ಫೈಲುಗಳಲ್ಲಿ ಬರೆದಿಟ್ಟಿದೆ. ನೋಟ್‌ಪ್ಯಾಡ್ ಆಗಲಿ, ಕ್ರೋಮ್ ಆಗಲಿ, ಬೇಕಾದಾಗ ಅಲ್ಲಿಂದ ಕರೆದು ಬಳಸಿಕೊಳ್ಳುತ್ತವೆ. ಕರ್ನಲ್32 ಎಂಬ ಡಿಎಲ್‌ಎಲ್ ಇಲ್ಲದೆ ನೀವು ದಿನನಿತ್ಯ ತೆರೆಯುವ ಯಾವ ಪ್ರೋಗ್ರಾಮೂ ಓಡುವುದಿಲ್ಲ.

ಎನಿಡೆಸ್ಕ್, ಟೀಮ್‌ವ್ಯೂವರ್, ವಿಂಡೋಸ್‌ನದೇ ಕ್ವಿಕ್ ಅಸಿಸ್ಟ್ ಇಂಥ ರಿಮೋಟ್ ಸಪೋರ್ಟ್ ಸಾಫ್ಟ್‌ವೇರ್‌ಗಳೂ ಇದೇ ಉಗ್ರಾಣದ ಗಿರಾಕಿಗಳು. ದೂರದಲ್ಲಿ ಕುಳಿತವನಿಗೆ ನಿಮ್ಮ ಪರದೆ ಕಾಣಬೇಕಾದರೆ ಯಾರಾದರೂ ಅದರ ಚಿತ್ರವನ್ನು ಮತ್ತೆ ಮತ್ತೆ ತೆಗೆಯುತ್ತಿರಬೇಕು. ಹಿಂದೆ ಜಿಡಿಐ32 ಎಂಬ ಡಿಎಲ್‌ಎಲ್ ಮೂಲಕ ಈ ಕೆಲಸ ನಡೆಯುತ್ತಿತ್ತು. ವಿಂಡೋಸ್ 8 ಬಂದಾಗಿನಿಂದ ಡಿಎಕ್ಸ್‌ಜಿಐ ಎಂಬ ಡಿಎಲ್‌ಎಲ್ ಮೂಲಕ ಇನ್ನೂ ವೇಗವಾಗಿ ಮಾಡಬಹುದು. ಅವನು ಅಲ್ಲಿ ಮೌಸ್ ಆಡಿಸಿದರೆ ಇಲ್ಲಿ ಬಾಣ ಓಡಬೇಕು. ಅದಕ್ಕೆ ಯೂಸರ್32. ಇವೆಲ್ಲ ಇಂಟರ್ನೆಟ್ಟಿನಲ್ಲಿ ಹೋಗಿಬರಲು ಡಬ್ಲ್ಯುಎಸ್2_32. ನಿಮ್ಮ ಬ್ರೌಸರ್ ಕೂಡ ಇವೇ ಬಾಗಿಲುಗಳನ್ನು ತಟ್ಟುತ್ತದೆ. ಗುಟ್ಟಿನ ಫೈಲ್, ಕಳ್ಳಫೈಲ್ ಅಂತ ಒಂದೂ ಇಲ್ಲ. ಇದರ ಜೊತೆಗೆ ಕೆಲವು ಸಾಫ್ಟ್‌ವೇರ್‌ಗಳು ತಮ್ಮದೇ ಡಿಎಲ್‌ಎಲ್‌ಗಳನ್ನೂ ತರುತ್ತವೆ. ಟೀಮ್‌ವ್ಯೂವರ್ ಜೊತೆ ಟಿವಿ_ಡಬ್ಲ್ಯು32 ಮತ್ತು ಟಿವಿ_ಎಕ್ಸ್64 ಎಂಬ ಜೋಡಿ ಬರುತ್ತಿತ್ತು. ಜೋಡಿ ಯಾಕೆಂದರೆ 32 ಬಿಟ್ ಪ್ರೋಗ್ರಾಮಿನೊಳಗೆ 64 ಬಿಟ್ ಡಿಎಲ್‌ಎಲ್ ಹೋಗಲಾರದು, 64ರೊಳಗೆ 32 ಹೋಗಲಾರದು.

ಇಲ್ಲೊಂದು ತಮಾಷೆಯೂ ಇದೆ. ಇವತ್ತಿನ ವಿಂಡೋಸ್‌ನಲ್ಲಿ 64 ಬಿಟ್ ಡಿಎಲ್‌ಎಲ್‌ಗಳು ಇರುವುದು ಸಿಸ್ಟಮ್32 ಎಂಬ ಫೋಲ್ಡರಿನಲ್ಲಿ. 32 ಬಿಟ್‌ನವು ಇರುವುದು ಸಿಸ್‌ವಾವ್64 ಎಂಬುದರಲ್ಲಿ. ಹಳೆಯ ಪ್ರೋಗ್ರಾಮುಗಳು ಮುರಿದು ಬೀಳದಿರಲಿ ಅಂತ ಹಳೆಯ ಹೆಸರನ್ನೇ ಉಳಿಸಿಕೊಂಡ ಫಲ ಇದು. ನಮ್ಮ ಟ್ರೈನರ್ ಈ ಎರಡನೇ ಫೋಲ್ಡರನ್ನು ತೆರೆದು ‘ವೈರಸ್ ನಿಮ್ಮ ಸಿಸ್ಟಮನ್ನು ನಕಲು ಮಾಡಿಕೊಂಡಿದೆ ನೋಡಿ’ ಎಂದು ಹೇಳುವುದನ್ನು ಕಲಿಸಿದ!

ಹೇಳಿಕೊಟ್ಟಿದ್ದು ಅದೊಂದೇ ಅಲ್ಲ. ಈವೆಂಟ್ ವ್ಯೂವರ್ ತೆರೆದರೆ ಯಾವ ಆರೋಗ್ಯವಂತ ಕಂಪ್ಯೂಟರಿನಲ್ಲೂ ಕೆಂಪು, ಹಳದಿ ಗುರುತಿನ ನೂರಾರು ದಾಖಲೆಗಳಿರುತ್ತವೆ. ಅವನ್ನು ‘ಹ್ಯಾಕರ್ ದಾಳಿಗಳು’ ಎನ್ನಬೇಕು. ಕೆಲವು ಸರ್ವಿಸ್‌ಗಳು ಅಗತ್ಯವಿಲ್ಲದಾಗ ನಿಂತಿರುತ್ತವೆ. ಅವನ್ನು ‘ಹ್ಯಾಕರ್ ನಿಲ್ಲಿಸಿದ್ದಾನೆ’ ಎನ್ನಬೇಕು. ಇನ್ನೊಂದು ಕಮಾಂಡ್ ಕೊಟ್ಟರೆ 888ಡಿಸಿಎ60 ಎಂದು ಶುರುವಾಗುವ ಉದ್ದದ ಸಂಖ್ಯೆಯೊಂದು ಕಾಣುತ್ತದೆ. ಅದನ್ನು ಗ್ರಾಹಕರಿಗೆ ಮೊದಲೇ ಫೋನಿನಲ್ಲಿ ಓದಿ ಹೇಳಿ, ‘ಇದು ನಿಮ್ಮ ಕಂಪ್ಯೂಟರಿನ ಲೈಸೆನ್ಸ್ ನಂಬರ್, ನಮ್ಮ ದಾಖಲೆಯಲ್ಲಿದೆ, ಬೇಕಾದರೆ ನೀವೇ ನೋಡಿ’ ಎನ್ನಬೇಕು. ಆ ಸಂಖ್ಯೆಯನ್ನು ನಮಗೆ ಬಾಯಿಪಾಠ ಮಾಡಿಸಿದರು.

ಭಾನುವಾರ ಪಿಜಿಯಲ್ಲಿ ಸುಮ್ಮನೆ ರೂಮ್‌ಮೇಟ್‌ನ ಲ್ಯಾಪ್‌ಟಾಪಿನಲ್ಲಿ ಆ ಕಮಾಂಡ್ ಕೊಟ್ಟೆ. ಅದೇ ಸಂಖ್ಯೆ. ಇನ್ನೊಬ್ಬನ ಲ್ಯಾಪ್‌ಟಾಪ್ ಇಸಿದುಕೊಂಡೆ. ಅದೇ ಸಂಖ್ಯೆ. ಕೆಳಗಿನ ಕೋಣೆಯವನ ಹಳೇ ಡೆಸ್ಕ್‌ಟಾಪ್, ಅಲ್ಲೂ ಅದೇ. ಅದು ವಿಂಡೋಸ್‌ನ ಒಂದು ಸಣ್ಣ ಭಾಗದ ಗುರುತು, ಎಲ್ಲ ಕಂಪ್ಯೂಟರಿನಲ್ಲೂ ಒಂದೇ. ಅಲ್ಲಿಯವರೆಗೆ ನನಗೆ ಅನುಮಾನ ಇರಲಿಲ್ಲವೇ ಅಂದರೆ, ಇತ್ತು. ಆದರೆ ಅನುಮಾನಕ್ಕೆ ಬಾಡಿಗೆ ಕಟ್ಟಬೇಕಾಗಿರಲಿಲ್ಲ, ನನಗೆ ಕಟ್ಟಬೇಕಾಗಿತ್ತು. ಸೋಮವಾರ ಮತ್ತೆ ಕ್ಯಾಬ್ ಹತ್ತಿದೆ.

ಒಂಬತ್ತನೇ ರಾತ್ರಿ ಅನುಭವಿಯೊಬ್ಬನ ಪಕ್ಕ ಕೂರಿಸಿ, ಕಿವಿಗೆ ಇನ್ನೊಂದು ಹೆಡ್‌ಫೋನ್ ಕೊಟ್ಟು ‘ಕೇಳಿಸಿಕೋ’ ಅಂದರು. ಅವನೂ ನಮ್ಮಂಥ ಊರಿನವನೇ. ಊಟದ ಬಿಡುವಿನಲ್ಲಿ ಕನ್ನಡದಲ್ಲೇ ಹರಟುತ್ತಿದ್ದ, ತಂಗಿಯ ಬಿಎಡ್ ಫೀಸು ಕಟ್ಟಿದ್ದನ್ನು ಹೆಮ್ಮೆಯಿಂದ ಹೇಳಿಕೊಂಡಿದ್ದ. ಆ ಕಡೆ ಅಮೆರಿಕದ ಒಬ್ಬ ಅಜ್ಜಿ. ಪರದೆಯಲ್ಲಿ ತಪ್ಪು ಎಚ್ಚರಿಕೆ ಕಂಡು ನಮ್ಮ ನಂಬರಿಗೆ ಫೋನ್ ಮಾಡಿದ್ದರು. ಅಕ್ಷರ ಕಾಣಿಸುತ್ತಿಲ್ಲ, ಕನ್ನಡಕ ತರುತ್ತೇನೆ ಇರಿ ಎಂದು ಹೋಗಿ, ಬಂದು, ಒಂದೊಂದೇ ಅಕ್ಷರ ಒತ್ತಿ ರಿಮೋಟ್ ಸಾಫ್ಟ್‌ವೇರ್ ಹಾಕಿಕೊಂಡರು. ಅನುಮತಿ ಕೇಳುವ ಕಿಟಕಿ ಬಂದಾಗ ಪರದೆ ಮಬ್ಬಾಯಿತು. ಆ ಗಳಿಗೆಯಲ್ಲಿ ನಮ್ಮ ಕಡೆಯಿಂದ ಏನೂ ಒತ್ತಲಾಗುವುದಿಲ್ಲ. ವಿಂಡೋಸ್ ಆ ಪ್ರಶ್ನೆಯನ್ನು ಬೇರೆಯದೇ, ಕಾವಲಿರುವ ಪರದೆಯಲ್ಲಿ ಕೇಳುತ್ತದೆ. ‘ಯೆಸ್ ಒತ್ತಿ ಮೇಡಮ್’ ಎಂದು ಇವನು ನಾಲ್ಕು ಸಲ ಹೇಳಿದ. ಒತ್ತಿದರು.

ಆಮೇಲೆ ಅವರು ಕೇಳಿದ್ದು ಒಂದೇ. ‘ತೀರಿಹೋದ ನನ್ನ ಗಂಡನ ಫೋಟೊಗಳೆಲ್ಲ ಇದರಲ್ಲೇ ಇವೆ. ಅವಕ್ಕೇನೂ ಆಗಿಲ್ಲ ತಾನೇ?’

ಇವನು ಸಿಸ್ಟಮ್32 ತೆರೆದು ಹುಡುಕುವ ಪಟ್ಟಿಯಲ್ಲಿ ‘ಫೋಟೊ’ ಎಂದು ಟೈಪ್ ಮಾಡಿದ. ಫೋಟೊಮೆಟಾಡೇಟಾಹ್ಯಾಂಡ್ಲರ್ ಎಂಬ ಡಿಎಲ್‌ಎಲ್ ಬಂತು. ಬಾಣವನ್ನು ಅದರ ಸುತ್ತ ಆಡಿಸುತ್ತಾ ‘ಇದೇ ಮೇಡಮ್, ನಿಮ್ಮ ಫೋಟೊಗಳನ್ನು ತಿನ್ನುತ್ತಿರುವುದು ಇದೇ’ ಅಂದ.

ಆ ಫೈಲ್ ಏನು ಮಾಡುತ್ತದೆಂದು ಆಮೇಲೆ ಓದಿ ತಿಳಿದುಕೊಂಡೆ. ಫೋಟೊ ಯಾವತ್ತು ತೆಗೆದಿದ್ದು, ಯಾವ ಕ್ಯಾಮೆರಾದಲ್ಲಿ ತೆಗೆದಿದ್ದು ಎಂಬಂಥ, ಚಿತ್ರದೊಳಗೇ ಅಡಗಿರುವ ವಿವರಗಳನ್ನು ಓದಿಕೊಡುವುದು ಅದರ ಕೆಲಸ. ಗಂಡನ ಜೊತೆ ಯಾವ ಬೇಸಿಗೆಯಲ್ಲಿ ಎಲ್ಲಿಗೆ ಹೋಗಿದ್ದೆವು ಎಂದು ಆ ಅಜ್ಜಿಗೆ ನೆನಪಿಸಬಲ್ಲ ಫೈಲನ್ನೇ ತೋರಿಸಿ ಅವರನ್ನು ಹೆದರಿಸಿದ್ದೆವು. ‘ಹೆದರಿಸಿದ್ದೆವು’ ಎಂದೇ ಬರೆಯುತ್ತೇನೆ. ನಾನು ಮಾತಾಡಿರಲಿಲ್ಲ, ನಿಜ. ಹೆಡ್‌ಫೋನ್ ತೆಗೆದಿರಲಿಲ್ಲ ಎಂಬುದೂ ನಿಜ. ಗಿಫ್ಟ್ ಕಾರ್ಡ್ ಕೊಂಡು ಅದರ ನಂಬರ್ ಹೇಳುವಂತೆ ಅವರಿಗೆ ಹೇಳಲಾಯಿತು.

ಹನ್ನೊಂದನೇ ದಿನ ಬಿಟ್ಟೆ. ಸಿನಿಮಾದಂತೇನೂ ಬಿಡಲಿಲ್ಲ, ಹೊಟ್ಟೆನೋವು ಎಂದು ಹೇಳಿ ಬಂದೆ. ಮಾರ್ಕ್ಸ್ ಕಾರ್ಡ್ ಕೇಳಿದರೆ ‘ಮೂರು ತಿಂಗಳು ಮಾಡಬೇಕು, ಇಲ್ಲಾಂದ್ರೆ ತರಬೇತಿಯ ಖರ್ಚು ಕಟ್ಟು’ ಅಂದರು. ಎರಡು ಸಲ ಬಾಗಿಲಲ್ಲೇ ನಿಲ್ಲಿಸಿ ಕಳಿಸಿದರು. ಮೂರನೇ ಸಲ, ವಕೀಲರೊಬ್ಬರ ಕಚೇರಿಯಲ್ಲಿ ಕೆಲಸ ಮಾಡುವ ರೂಮ್‌ಮೇಟ್‌ನ ಅಣ್ಣ ಜೊತೆಗೆ ಬಂದರು. ಐದು ನಿಮಿಷದಲ್ಲಿ ಕವರ್ ಕೈಗೆ ಬಂತು. ಸಂಬಳ ಬರಲಿಲ್ಲ, ಕೇಳಲೂ ಇಲ್ಲ. ಪೊಲೀಸರಿಗೆ ದೂರನ್ನೂ ಕೊಡಲಿಲ್ಲ. ನನ್ನ ಹೆಸರೇ ಮೊದಲು ಬರುತ್ತದೇನೋ ಎಂಬ ಹೆದರಿಕೆ. ಆ ಕಚೇರಿ ಈಗ ಆ ವಿಳಾಸದಲ್ಲಿಲ್ಲ. ದೂರು ಕೊಡದೆ ಬಂದದ್ದು ಸರಿ ಎಂದು ಯಾರು ಸಮಾಧಾನ ಹೇಳಿದರೂ ನನಗೆ ಒಪ್ಪಿಗೆಯಿಲ್ಲ.

ಇದು ನನ್ನೊಬ್ಬನ ಕಥೆಯಾಗಿದ್ದರೆ ಬರೆಯುತ್ತಿರಲಿಲ್ಲ. ಮೈಕ್ರೋಸಾಫ್ಟ್ ಮತ್ತು ಅಮೆಜಾನ್ ಕೊಟ್ಟ ದೂರಿನ ಮೇಲೆ 2023ರ ಅಕ್ಟೋಬರಿನಲ್ಲಿ ಸಿಬಿಐ ‘ಆಪರೇಷನ್ ಚಕ್ರ-2’ ಹೆಸರಿನಲ್ಲಿ ಹಲವು ರಾಜ್ಯಗಳಲ್ಲಿ ಶೋಧ ನಡೆಸಿತು. ಆ ಕಂಪನಿಗಳ ಗ್ರಾಹಕ ಸೇವೆಯವರೆಂದು ಸುಳ್ಳು ಹೇಳಿ ವಿದೇಶಿಯರನ್ನು ವಂಚಿಸುತ್ತಿದ್ದ ಕಾಲ್ ಸೆಂಟರ್‌ಗಳು ಸಿಕ್ಕವು. ಇಂಥ ಸುದ್ದಿ ಓದಿದಾಗಲೆಲ್ಲ ಮಾಲೀಕ ಯಾರು ಅನ್ನುವುದಕ್ಕಿಂತ ಮೊದಲು, ಆ ಕುರ್ಚಿಗಳ ಮೇಲೆ ಹೆಡ್‌ಫೋನ್ ಹಾಕಿ ಕುಳಿತಿದ್ದವರು ಯಾವ ಕಾಲೇಜಿನವರೋ ಅನ್ನಿಸುತ್ತದೆ. ವಂಚನೆ ಹೊರದೇಶದವರಿಗಷ್ಟೇ ಆಗುತ್ತದೆಂದೂ ಅಲ್ಲ. ಎನಿಡೆಸ್ಕ್ ಹಾಕಿಸಿ ಮೊಬೈಲಿನಿಂದ ಹಣ ಎಗರಿಸುತ್ತಿದ್ದಾರೆಂದು 2019ರ ಫೆಬ್ರುವರಿಯಲ್ಲೇ ರಿಸರ್ವ್ ಬ್ಯಾಂಕ್ ಆ ಆ್ಯಪ್‌ನ ಹೆಸರು ಹೇಳಿಯೇ ಬ್ಯಾಂಕುಗಳನ್ನು ಎಚ್ಚರಿಸಿತ್ತು.

ಹಾಗಾದರೆ ರಿಮೋಟ್ ಸಾಫ್ಟ್‌ವೇರೇ ಕೆಟ್ಟದ್ದು, ನಿಷೇಧಿಸಿ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಈಗ ನಾನು ಒಂದು ಸಂಸ್ಥೆಯ ಸರ್ವಿಸ್ ಡೆಸ್ಕ್‌ನಲ್ಲಿದ್ದೇನೆ, ನಿಜವಾದ ಕೆಲಸ. ತಾಲ್ಲೂಕು ಕೇಂದ್ರಗಳಲ್ಲಿರುವ ಶಾಖೆಗಳ ಪ್ರಿಂಟರ್ ನಿಂತರೆ, ಲೆಕ್ಕದ ಸಾಫ್ಟ್‌ವೇರ್ ಮುನಿಸಿಕೊಂಡರೆ ಇಲ್ಲಿಂದಲೇ ಸರಿಪಡಿಸುತ್ತೇವೆ. ಇಲ್ಲದಿದ್ದರೆ ಒಬ್ಬ ಎಂಜಿನಿಯರ್ ಬಸ್ ಹತ್ತಿ ಹೋಗಿ ಬರಲು ಎರಡು ದಿನ ಬೇಕು. ಅಮ್ಮ ಅಂದುಕೊಂಡಿದ್ದ ಕೆಲಸ ಇದೇ.

ಆದರೆ ‘ಡಿಎಲ್‌ಎಲ್ ಅಂದರೆ ಏನೂ ಭಯವಿಲ್ಲ’ ಎಂದು ಹೇಳಿಬಿಟ್ಟರೆ ಅದೂ ಅರ್ಧ ಸುಳ್ಳಾಗುತ್ತದೆ. ಅಡುಗೆಯವನು ಉಗ್ರಾಣಕ್ಕೆ ಹೋಗುವ ಮೊದಲು ತನ್ನ ಕೈಗೆಟಕುವ ಜಾಗದಲ್ಲಿ ಪಾತ್ರೆ ಇದೆಯೇ ಎಂದು ನೋಡುತ್ತಾನಲ್ಲ, ವಿಂಡೋಸ್ ಪ್ರೋಗ್ರಾಮುಗಳೂ ಹಾಗೆಯೇ. ಬೇಕಾದ ಡಿಎಲ್‌ಎಲ್‌ಗಾಗಿ ಸಾಮಾನ್ಯವಾಗಿ ಮೊದಲು ತಾವಿರುವ ಫೋಲ್ಡರಿನಲ್ಲೇ ಹುಡುಕುತ್ತವೆ, ಅಲ್ಲಿಲ್ಲದಿದ್ದರೆ ಸಿಸ್ಟಮ್32ಕ್ಕೆ ಹೋಗುತ್ತವೆ. ಕರ್ನಲ್32ನಂಥ ಕೆಲವು ಮುಖ್ಯ ಫೈಲುಗಳಿಗೆ ವಿನಾಯಿತಿ ಇದೆ, ಅವು ಯಾವಾಗಲೂ ಉಗ್ರಾಣದಿಂದಲೇ ಬರುತ್ತವೆ. ಉಳಿದವುಗಳಲ್ಲಿ ಕಳ್ಳನಿಗೆ ದಾರಿಯಿದೆ. 2013ರಲ್ಲಿ ಹಂಗೆರಿಯ ಬುಡಾಪೆಸ್ಟ್‌ನ ಕ್ರೈಸಿಸ್ ಲ್ಯಾಬ್ ‘ಟೀಮ್‌ಸ್ಪೈ’ ಎಂಬ ಬೇಹುಗಾರಿಕೆಯನ್ನು ಬಯಲಿಗೆಳೆಯಿತು. ಅದರಲ್ಲಿ ಬಳಸಿದ್ದು ಅಸಲಿ ಟೀಮ್‌ವ್ಯೂವರ್. ಸಹಿ ಸರಿಯಾಗಿತ್ತು. ಅದರ ಪಕ್ಕದಲ್ಲೇ, ಅದೇ ಫೋಲ್ಡರಿನಲ್ಲಿ, ಎವಿಐಕ್ಯಾಪ್32 ಎಂಬ ಹೆಸರಿನ ನಕಲಿ ಡಿಎಲ್‌ಎಲ್ ಇಟ್ಟಿದ್ದರು. ಆ ಹೆಸರಿನ ಅಸಲಿ ಫೈಲ್ ವಿಡಿಯೊ ಹಿಡಿಯಲು ನೆರವಾಗುವ, ಸಿಸ್ಟಮ್32ರಲ್ಲಿರುವ ಸಾಧು ಫೈಲ್. ಟೀಮ್‌ವ್ಯೂವರ್ ಪಕ್ಕದಲ್ಲಿದ್ದದ್ದನ್ನೇ ಎತ್ತಿಕೊಂಡಿತು. ನಕಲಿ ಫೈಲು ಟೀಮ್‌ವ್ಯೂವರ್‌ನ ಕಿಟಕಿ ಯಾರಿಗೂ ಕಾಣದಂತೆ ಮರೆಮಾಡಿತು, ಹೊರಗಿನವರು ಒಳಗೆ ಕುಳಿತು ನೋಡಿದರು.

ಆದ್ದರಿಂದ ಒಂದು ಡಿಎಲ್‌ಎಲ್‌ನ ಹೆಸರು ಅದರ ಜಾತಕ ಹೇಳುವುದಿಲ್ಲ. ಅದು ಯಾವ ಫೋಲ್ಡರಿನಲ್ಲಿದೆ, ಯಾರ ಸಹಿಯಿದೆ ಎಂಬುದು ಹೇಳುತ್ತದೆ. ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್‌ಗೆ ಹೋದರೆ ಡಿಜಿಟಲ್ ಸಿಗ್ನೇಚರ್ಸ್ ಎಂಬ ಟ್ಯಾಬ್ ಸಿಗುತ್ತದೆ. (ವಿಂಡೋಸ್‌ನ ಕೆಲವು ಸ್ವಂತ ಫೈಲುಗಳ ಸಹಿ ಬೇರೆ ಕಡೆ ಇರುತ್ತದೆ, ಆ ಟ್ಯಾಬ್ ಕಾಣಲಿಲ್ಲವೆಂದು ಗಾಬರಿ ಬೇಡ.) ಸಹಿಯೂ ಸರ್ವಶಕ್ತವಲ್ಲ. 2024ರ ಫೆಬ್ರುವರಿಯಲ್ಲಿ ಎನಿಡೆಸ್ಕ್ ತನ್ನ ಸರ್ವರ್‌ಗಳಿಗೇ ಕನ್ನ ಬಿದ್ದಿದೆಯೆಂದು ಒಪ್ಪಿಕೊಂಡು, ಸಹಿ ಹಾಕುವ ಪ್ರಮಾಣಪತ್ರವನ್ನೇ ಬದಲಿಸಿತು. ಹಳೆಯ ಆವೃತ್ತಿಯನ್ನು ಪೆನ್‌ಡ್ರೈವ್‌ನಲ್ಲಿಟ್ಟುಕೊಂಡು ಊರೆಲ್ಲ ಹಂಚುವ ನಮ್ಮ ಅಭ್ಯಾಸಕ್ಕೆ ಇಷ್ಟಾದರೂ ಕಡಿವಾಣ ಬೀಳಬೇಕು.

ಕೆಲಸ ಹುಡುಕುವವರಿಗೆ ಈ ವಿಷಯ ಇನ್ನೊಂದು ದಾರಿಯಲ್ಲೂ ಎದುರಾಗುತ್ತದೆ. ಕಂಪನಿಯೊಂದರ ಆನ್‌ಲೈನ್ ಪರೀಕ್ಷೆಯ ಹಿಂದಿನ ರಾತ್ರಿ ಹನ್ನೊಂದು ಗಂಟೆಗೆ ಪರೀಕ್ಷೆಯ ಸಾಫ್ಟ್‌ವೇರ್ ತೆರೆಯುತ್ತೀರಿ. ‘ವಿಸಿರನ್‌ಟೈಮ್140 ಡಿಎಲ್‌ಎಲ್ ಸಿಗಲಿಲ್ಲ’ ಎಂಬ ಸಂದೇಶ ಬರುತ್ತದೆ. ಎದೆ ಧಸಕ್ಕೆನ್ನುತ್ತದೆ. ಗೂಗಲ್‌ನಲ್ಲಿ ಆ ಹೆಸರು ಹಾಕಿದರೆ ‘ಉಚಿತವಾಗಿ ಡಿಎಲ್‌ಎಲ್ ಡೌನ್‌ಲೋಡ್ ಮಾಡಿಕೊಳ್ಳಿ’ ಎನ್ನುವ ತಾಣಗಳು ಸಾಲುಗಟ್ಟುತ್ತವೆ. ಡೌನ್‌ಲೋಡ್ ಮಾಡಿ ಸಿಸ್ಟಮ್32ಕ್ಕೆ ಎಸೆಯುತ್ತೇವೆ. ನಾನೂ ಎಸೆದಿದ್ದೇನೆ. ಯಾರು ಕೊಟ್ಟರೋ ಗೊತ್ತಿಲ್ಲದ ಕೊಪ್ಪರಿಗೆಯಲ್ಲಿ ಮದುವೆಯ ಅಡುಗೆ ಮಾಡಿದಂತೆ. ಆ ಫೈಲ್ ಮೈಕ್ರೋಸಾಫ್ಟ್‌ನ ‘ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್’ ಎಂಬ ಉಚಿತ ಪೊಟ್ಟಣದಲ್ಲಿದೆ. ಮೈಕ್ರೋಸಾಫ್ಟ್‌ನ ತಾಣದಿಂದಲೇ ಅದನ್ನು ತಂದು ಹಾಕಿದರೆ ಐದು ನಿಮಿಷದ ಕೆಲಸ. ಪರೀಕ್ಷೆಯ ಸಾಫ್ಟ್‌ವೇರ್ 32 ಬಿಟ್ ಆಗಿದ್ದರೆ 32 ಬಿಟ್‌ನ ಪೊಟ್ಟಣವೇ ಬೇಕು. ಅನುಮಾನವಿದ್ದರೆ ಎರಡನ್ನೂ ಹಾಕಿಕೊಳ್ಳಿ, ಒಂದಕ್ಕೊಂದು ಜಗಳವಾಡುವುದಿಲ್ಲ.

ಇನ್ನು, ‘ಆಫರ್ ಲೆಟರ್ ಬಂದಿದೆ, ಲ್ಯಾಪ್‌ಟಾಪ್ ಸೆಟ್ ಮಾಡಿಕೊಡ್ತೇವೆ, ಎನಿಡೆಸ್ಕ್ ಹಾಕಿ ನಂಬರ್ ಹೇಳಿ’ ಎಂದು ನೀವು ಮುಖವನ್ನೇ ನೋಡದ ಎಚ್‌ಆರ್ ಕೇಳಿದರೆ ಫೋನ್ ಇಟ್ಟುಬಿಡಿ. ಹಣ ಹೋಗಿದ್ದರೆ ತಡಮಾಡದೆ 1930ಕ್ಕೆ ಕರೆ ಮಾಡಿ. ಇದನ್ನು ಎಲ್ಲರೂ ಹೇಳುತ್ತಾರೆ, ನಾನು ಉದ್ದ ಬೆಳೆಸುವುದಿಲ್ಲ.

ನನ್ನ ತಕರಾರು ಇರುವುದು ಕಾಲೇಜುಗಳ ಮೇಲೆ. ಮೂರು ವರ್ಷ ಕಂಪ್ಯೂಟರ್ ಪದವಿ ಓದಿದೆ. ಲ್ಯಾಬಿನಲ್ಲಿ ಸಾಲಾಗಿ ವಿಂಡೋಸ್ ಯಂತ್ರಗಳಿದ್ದವು. ಒಂದು ದಿನವೂ ಯಾರೂ ಸಿಸ್ಟಮ್32 ತೆರೆದು ‘ನೋಡ್ರಪ್ಪಾ, ಇದು ಹೀಗೆ’ ಎನ್ನಲಿಲ್ಲ. ‘ಸಿ ಡ್ರೈವ್ ಮುಟ್ಟಬೇಡಿ’ ಎಂಬ ಚೀಟಿ ಮಾತ್ರ ಮಾನಿಟರಿಗೆ ಅಂಟಿತ್ತು. ಈವೆಂಟ್ ವ್ಯೂವರ್ ಅನ್ನು ಮೊದಲ ಸಲ ಕಂಡದ್ದು ವಂಚಕರ ತರಬೇತಿ ಕೋಣೆಯಲ್ಲಿ ಎಂದರೆ ನಮ್ಮ ಪಠ್ಯಕ್ರಮಕ್ಕೆ ಅದಕ್ಕಿಂತ ಅವಮಾನ ಬೇಕೆ? ಅಲ್ಲಿನ ಟ್ರೈನರ್, ದುರುದ್ದೇಶದಿಂದಲೇ ಇರಲಿ, ಹನ್ನೊಂದು ದಿನದಲ್ಲಿ ವಿಂಡೋಸ್‌ನ ಒಳಮನೆಯನ್ನು ನನಗೆ ತೋರಿಸಿದ. ಅಲ್ಲಿ ಕಂಡದ್ದರ ನಿಜವಾದ ಅರ್ಥ ತಿಳಿದುಕೊಂಡದ್ದು ನಂತರದ ತಿಂಗಳುಗಳಲ್ಲಿ, ಒಬ್ಬನೇ ಕೂತು. ಇವತ್ತಿನ ಕೆಲಸಕ್ಕೆ ಸಂದರ್ಶನದಲ್ಲಿ ಕೇಳಿದ ಮೊದಲ ಪ್ರಶ್ನೆಯೇ ‘ಒಂದು ಡಿಎಲ್‌ಎಲ್ ಕಾಣೆಯಾಗಿದೆ ಎಂದು ಬಂದರೆ ಏನು ಮಾಡುತ್ತೀರಿ?’ ಎಂಬುದು.

ಇದನ್ನೆಲ್ಲ ಹೇಳಿಕೊಟ್ಟರೆ ಹುಡುಗರು ಹಾಳಾಗುತ್ತಾರೆ ಎಂದು ಪರಿಚಯದ ಉಪನ್ಯಾಸಕರೊಬ್ಬರು ಅಂದರು. ಅವರ ಮೇಲೆ ಗೌರವವಿದೆ, ಆದರೆ ಆ ಕೋಣೆಯಲ್ಲಿದ್ದ ಹದಿನಾಲ್ಕು ಜನರಲ್ಲಿ ಯಾರೂ ತುಂಬ ತಿಳಿದುಕೊಂಡು ಹಾಳಾದವರಲ್ಲ. ಮೊದಲ ದಿನವೇ ಒಬ್ಬರಾದರೂ ‘ಸರ್, ಇದು ವೈರಸ್ ಅಲ್ಲ, ವಿಂಡೋಸ್‌ನ ಫೈಲು’ ಎಂದು ಹೇಳಬಲ್ಲವರಾಗಿದ್ದರೆ ಟ್ರೈನರ್‌ನ ನಗು ಅಷ್ಟು ಸಲೀಸಾಗಿ ಬರುತ್ತಿರಲಿಲ್ಲ. ಗೊತ್ತಿದ್ದೂ ಉಳಿಯುವವರು ಉಳಿಯುತ್ತಿದ್ದರು, ನಿಜ. ನಾನೇ ಸೋಮವಾರ ಕ್ಯಾಬ್ ಹತ್ತಿದವನು. ಆದರೆ ಮಾರ್ಕ್ಸ್ ಕಾರ್ಡ್ ಕೊಡುವ ಮೊದಲೇ ಗೊತ್ತಿದ್ದರೆ ಹತ್ತುತ್ತಿರಲಿಲ್ಲ ಎಂದು ಅಂದುಕೊಳ್ಳುತ್ತೇನೆ. ಪ್ಲೇಸ್‌ಮೆಂಟ್ ವಿಭಾಗದವರು ‘ಒರಿಜಿನಲ್ ಮಾರ್ಕ್ಸ್ ಕಾರ್ಡ್ ಯಾರ ಕೈಗೂ ಕೊಡಬೇಡಿ’ ಎಂಬ ಒಂದು ಸಾಲನ್ನು ನೋಟಿಸ್ ಬೋರ್ಡಿಗೆ ಹಾಕಿದ್ದರೂ ಸಾಕಿತ್ತು.

ಕಳೆದ ವಾರ ನಮ್ಮದೊಂದು ಶಾಖೆಯಿಂದ ಕರೆ ಬಂತು. ನಿವೃತ್ತಿಗೆ ಹತ್ತಿರವಿರುವ ಲೆಕ್ಕದವರು. ಪ್ರಿಂಟರ್ ಡ್ರೈವರ್‌ನ ಡಿಎಲ್‌ಎಲ್ ಒಂದು ಕೆಟ್ಟು ಬಿಲ್ ಬರುತ್ತಿರಲಿಲ್ಲ. ಅವರ ಒಪ್ಪಿಗೆ ಕೇಳಿ, ಬ್ಯಾಂಕಿನ ಪುಟ ತೆರೆದಿದ್ದರೆ ಮುಚ್ಚಿ ಎಂದು ಹೇಳಿ, ಒಳಗೆ ಹೋದೆ. ಡ್ರೈವರ್ ತೆಗೆದು ಹೊಸದಾಗಿ ಹಾಕುವಾಗ ಪ್ರತಿಯೊಂದನ್ನೂ ಹೇಳುತ್ತಲೇ ಮಾಡಿದೆ. ಅದು ಈಗ ಅಭ್ಯಾಸವಾಗಿದೆ. ಬಿಲ್ ಬಂತು. ‘ಥ್ಯಾಂಕ್ಸ್ ಕಣಪ್ಪಾ’ ಅಂದವರು ಸ್ವಲ್ಪ ತಡೆದು ‘ನೀನು ಹೋದ್ಮೇಲೆ ಈ ಬಾಗಿಲು ಮುಚ್ಕೊಳ್ಳುತ್ತಾ, ಇಲ್ಲಾ ಹಾಗೇ ತೆರೆದಿರುತ್ತಾ?’ ಎಂದು ಕೇಳಿದರು.

ಇಷ್ಟು ದಿನದಲ್ಲಿ ನನ್ನನ್ನು ಹಾಗೆ ಕೇಳಿದವರು ಅವರೊಬ್ಬರೇ. ಟಾಸ್ಕ್ ಮ್ಯಾನೇಜರ್ ತೆರೆಯಿಸಿದೆ. ಕಿಟಕಿ ಮುಚ್ಚಿದರೂ ಹಿಂದೆ ಸರ್ವಿಸ್ ಆಗಿ ಕುಳಿತಿರುವ ರಿಮೋಟ್ ಸಾಫ್ಟ್‌ವೇರ್ ಪಟ್ಟಿಯಲ್ಲಿ ಎಲ್ಲಿ ಕಾಣುತ್ತದೆ, ಯಾವಾಗ ಬೇಕಾದರೂ ಒಳಬರಲು ಬಿಡುವ ಶಾಶ್ವತ ಪಾಸ್‌ವರ್ಡ್ ಇಟ್ಟಿದ್ದಾರೆಯೇ ಎಂದು ಎಲ್ಲಿ ನೋಡಬೇಕು ಎಂಬುದನ್ನು ತೋರಿಸಿದೆ. ‘ಇರು, ಬರ್ಕೋತೀನಿ’ ಅಂದರು. ಡ್ರಾಯರ್ ಎಳೆದ ಸದ್ದು ಕೇಳಿಸಿತು. ಕನ್ನಡಕ ಹುಡುಕುತ್ತಿದ್ದರೆಂದು ಕಾಣುತ್ತದೆ. ನಾನು ಕಾದೆ.